ಚರ್ಚೆ: ಜ್ಯಾಕ್ ಈಲಂ ನಾಲ್ಕು ದಶಕ ಬಾಳಿದ್ದು ಆ ಕಣ್ಣಿನಿಂದಲೇ?

ಹಳೇ ರೀಲು:

ವೆಸ್ಟರ್ನ್ ಚಿತ್ರಗಳ, ಅಂದರೆ ಅಮೆರಿಕದ ಕೌಬಾಯ್ ಕಥೆಗಳ ಅಭಿಮಾನಿಗಳು ಸೇರಿದ ಕಡೆ ನಟ ಜ್ಯಾಕ್ ಈಲಂ ಅವರ ಹೆಸರು ಬಂದರೆ, ಎರಡನೆಯ ಮಾತು ಅವರ ಎಡಗಣ್ಣಿನದೇ ಆಗಿರುತ್ತದೆ. ಹುಡುಗನಾಗಿದ್ದಾಗ ಜೊತೆಯವನೊಬ್ಬನ ಪೆನ್ಸಿಲ್ ತಗುಲಿ ದೃಷ್ಟಿ ಹೋದದ್ದು, ಆಮೇಲೆ ಆ ಗುಡ್ಡೆ ತನಗೆ ತೋಚಿದ ಕಡೆ ತಿರುಗತೊಡಗಿದ್ದು, ಹಾಲಿವುಡ್ಡಿಗೆ ಆ ನೋಟವೇ ಸಾಕಾದದ್ದು, ಇಷ್ಟನ್ನು ಹೇಳಿ ನಾವು ಮುಂದಿನ ನಟನ ಕಡೆಗೆ ಹೊರಟುಬಿಡುತ್ತೇವೆ. ಈ ವಿವರಣೆ ಸಾಲದು ಎಂಬ ಅನುಮಾನ ನನಗೆ ಬಹಳ ದಿನಗಳಿಂದ ಇದೆ. ಹೆದರಿಸುವ ಮುಖಗಳಿಗೆ 1950ರ ದಶಕದ ಹಾಲಿವುಡ್‌ನಲ್ಲಿ ಬರವಿರಲಿಲ್ಲ. ಅಂಥ ಮುಖ ಹೊತ್ತು ಬಂದ ಎಷ್ಟೋ ಮಂದಿ ಐದಾರು ಚಿತ್ರಗಳಲ್ಲಿ ಗುಂಡೇಟು ತಿಂದು ಮರೆಯಾದರು. ಈಲಂ ಮಾತ್ರ 1949ರಿಂದ 1990ರ ದಶಕದವರೆಗೆ, ಎಪ್ಪತ್ತಕ್ಕೂ ಹೆಚ್ಚು ಚಲನಚಿತ್ರಗಳಲ್ಲಿ ಮತ್ತು ಲೆಕ್ಕ ಇಡುವುದೇ ಕಷ್ಟವಾಗುವಷ್ಟು ಟಿವಿ ಕಂತುಗಳಲ್ಲಿ ಕಾಣಿಸಿಕೊಳ್ಳುತ್ತಲೇ ಹೋದರು.

ನನ್ನ ವಾದ ಇಷ್ಟೇ: ಕಣ್ಣು ಅವರನ್ನು ಒಳಗೆ ಬಿಟ್ಟಿತು, ಆದರೆ ಒಳಗೆ ಉಳಿಸಿದ್ದು ಬೇರೆಯೇ ಒಂದು ವಿದ್ಯೆ. ನಾಲ್ಕು ನಿಮಿಷದ ಪಾತ್ರವನ್ನು, ಅದು ನಾಲ್ಕೇ ನಿಮಿಷದ್ದು ಎಂಬುದನ್ನು ಮರೆಯದೆ, ಪೂರ್ತಿಯಾಗಿ ತುಂಬಿಕೊಡುವ ವಿದ್ಯೆ ಅದು. 1951ರ ‘ರಾಹೈಡ್’ ಚಿತ್ರವನ್ನು ನೋಡಿ. ಹೆನ್ರಿ ಹ್ಯಾಥವೇ ನಿರ್ದೇಶನ, ಟೈರೋನ್ ಪವರ್ ಮತ್ತು ಸೂಸನ್ ಹೇವರ್ಡ್ ಮುಖ್ಯ ಪಾತ್ರಗಳಲ್ಲಿ, ಕ್ಯಾಲಿಫೋರ್ನಿಯಾದ ಲೋನ್ ಪೈನ್ ಬಂಡೆಗಳ ನಡುವೆ ಚಿತ್ರೀಕರಣ. ಕುದುರೆಗಾಡಿಗಳು ಕುದುರೆ ಬದಲಿಸುವ ಒಂಟಿ ಠಾಣೆಯೊಂದನ್ನು ನಾಲ್ವರು ದರೋಡೆಕೋರರು ವಶಪಡಿಸಿಕೊಳ್ಳುತ್ತಾರೆ. ಅವರಲ್ಲಿ ಟೆವಿಸ್ ಎಂಬವನು ಈಲಂ. ಗುಂಪಿನ ನಾಯಕನಿಗೆ ಒಂದು ಯೋಜನೆ ಇದೆ, ಉಳಿದಿಬ್ಬರಿಗೆ ಅವನ ಭಯ ಇದೆ, ಟೆವಿಸ್‌ಗೆ ಮಾತ್ರ ಬರೀ ಹಸಿವು. ಕೊನೆಗೆ ಅವನು ತನ್ನ ನಾಯಕನನ್ನೇ ಕೊಂದು, ಅಂಗಳದಲ್ಲಿ ತಪ್ಪುಹೆಜ್ಜೆ ಹಾಕುತ್ತಿರುವ ಹಸುಳೆಯ ಸುತ್ತ ಗುಂಡು ಹಾರಿಸಿ ಕಥಾನಾಯಕ ಪವರ್ ಬಂದೂಕು ಬಿಸುಡುವಂತೆ ಮಾಡುತ್ತಾನೆ. ಆ ದೃಶ್ಯದಲ್ಲಿ ಮುಖಕ್ಕಿಂತ ಭಯ ಹುಟ್ಟಿಸುವುದು ಅವನ ನಿಧಾನ. ಇದರ ಬಗ್ಗೆ ನಿಮ್ಮೆಲ್ಲರ ಅಭಿಪ್ರಾಯ ತಿಳಿಯುವ ಆಸೆ.

ಲೆಕ್ಕದ ಪುಸ್ತಕ:

ಒಳ್ಳೆಯ ಚರ್ಚೆ ಆರಂಭಿಸಿದ್ದೀರಿ ಸರ್. ನಾನು ಲೆಕ್ಕಪರಿಶೋಧಕನಾದ್ದರಿಂದ ಈಲಂ ಅವರ ಮೇಲೆ ನನಗೆ ಸ್ವಲ್ಪ ಸ್ವಜಾತಿ ಪ್ರೇಮವಿದೆ ಎಂಬುದನ್ನು ಮೊದಲೇ ಒಪ್ಪಿಕೊಂಡುಬಿಡುತ್ತೇನೆ. ಅವರು ನಟರಾಗುವ ಮುನ್ನ ನಮ್ಮ ಕಸುಬಿನವರು. ಬ್ಯಾಂಕಿನಲ್ಲಿ ಲೆಕ್ಕ ಬರೆದರು, ತೈಲ ಕಂಪನಿಯಲ್ಲಿ ಆಡಿಟ್ ಮಾಡಿದರು, ಯುದ್ಧಕಾಲದಲ್ಲಿ ನೌಕಾಪಡೆಯಲ್ಲಿದ್ದರು, ಆಮೇಲೆ ಸ್ಯಾಮ್ಯುಯಲ್ ಗೋಲ್ಡ್‌ವಿನ್ ಸ್ಟುಡಿಯೊದಲ್ಲಿ ಮತ್ತು ಹೋಪಲಾಂಗ್ ಕ್ಯಾಸಿಡಿ ಎಂಬ ಕೌಬಾಯ್ ನಾಯಕನ ಚಿತ್ರಗಳ ನಿರ್ಮಾಣ ಸಂಸ್ಥೆಯಲ್ಲಿ ಹಣಕಾಸು ನೋಡಿಕೊಂಡರು. ಇರುವ ಒಂದೇ ಕಣ್ಣಿನಲ್ಲಿ ದಿನವಿಡೀ ಅಂಕಿಗಳ ಸಾಲು ನೋಡಿ ನೋಡಿ, ಕೊನೆಗೆ ಈ ಕೆಲಸ ಬಿಡದಿದ್ದರೆ ಇದೂ ಹೋಗುತ್ತದೆ ಎಂದು ವೈದ್ಯರು ಎಚ್ಚರಿಸಿದರು.

ಇಲ್ಲಿಂದ ಮುಂದಿನದು ನನಗೆ ತುಂಬ ಇಷ್ಟವಾದ ಭಾಗ. ಸಾಮಾನ್ಯವಾಗಿ ನಟನಾಗಬೇಕೆಂದವನು ಫೋಟೊ ಹಿಡಿದು ಕಚೇರಿ ಕಚೇರಿ ಅಲೆಯುತ್ತಾನೆ. ಈಲಂ ಹಾಗೆ ಅಲೆಯಲಿಲ್ಲ. ಸಣ್ಣ ನಿರ್ಮಾಪಕರಿಗೆ ಬಂಡವಾಳ ಹೊಂದಿಸಿಕೊಡುವುದು ಹೇಗೆಂಬುದು ಅವರಿಗೆ ಗೊತ್ತಿತ್ತು. ಹಣದ ವ್ಯವಸ್ಥೆ ಮಾಡಿಕೊಡುತ್ತೇನೆ, ಬದಲಿಗೆ ಖಳನ ಪಾತ್ರ ಕೊಡಿ ಎಂದು ಒಪ್ಪಂದ ಕುದುರಿಸಿದರು. 1950ರ ‘ದ ಸನ್‌ಡೌನರ್ಸ್’ ಮತ್ತು ‘ಹೈ ಲೋನ್‌ಸಮ್’ ಚಿತ್ರಗಳಿಗೆ ಅವರು ಬಂದದ್ದು ಈ ದಾರಿಯಲ್ಲಿ. ಹಾಗಾಗಿ ಕಣ್ಣು ಅವರನ್ನು ಒಳಗೆ ಬಿಟ್ಟಿತು ಎಂಬ ನಿಮ್ಮ ಅರ್ಧ ವಾದವನ್ನೂ ನಾನು ಒಪ್ಪಲಾರೆ. ಒಳಗೆ ಬಿಟ್ಟದ್ದು ಖಾತೆ ಪುಸ್ತಕ. ಕಣ್ಣಿನ ಬೆಲೆ ಸ್ಟುಡಿಯೊಗಳಿಗೆ ತಿಳಿದದ್ದು ಆಮೇಲೆ.

ಶಿವಮೊಗ್ಗದವಳು:

ಇಬ್ಬರೂ ಒಂದು ವಿಷಯವನ್ನು ಬದಿಗಿಟ್ಟು ಮಾತನಾಡುತ್ತಿದ್ದೀರಿ ಎನ್ನಿಸುತ್ತದೆ. ಮೆಳ್ಳೆಗಣ್ಣಿರುವ ಮಕ್ಕಳಿಗೆ ಶಾಲೆಯಲ್ಲಿ ಏನೇನು ಹೆಸರಿಡುತ್ತಾರೆ ಎಂಬುದು ನಮಗೆಲ್ಲ ತಿಳಿದದ್ದೇ. ನನಗೇ ಆ ಹೆಸರುಗಳ ಅನುಭವವಿದೆ, ಅದನ್ನು ಇಲ್ಲಿ ಬೆಳೆಸುವುದಿಲ್ಲ. ಹಾಲಿವುಡ್ಡಿನ ಹಳೆಯ ಪದ್ಧತಿ ಇದಕ್ಕಿಂತ ಬೇರೆಯಾಗಿರಲಿಲ್ಲ: ದೇಹದಲ್ಲಿ ಊನವಿದ್ದರೆ ಮನಸ್ಸಿನಲ್ಲಿ ಕೇಡಿದೆ ಎಂದು ಪ್ರೇಕ್ಷಕ ತಾನಾಗಿಯೇ ತಿಳಿಯಲಿ ಎಂಬುದು ಲೆಕ್ಕಾಚಾರ. ವೈದ್ಯಕೀಯವಾಗಿ ನೋಡಿದರೆ ಅಲ್ಲಿ ನಿಗೂಢವಾದದ್ದೇನೂ ಇಲ್ಲ. ನೋಟವೇ ಇಲ್ಲದ ಕಣ್ಣನ್ನು ಇನ್ನೊಂದರ ಜೊತೆ ಹೊಂದಿಸಿಕೊಳ್ಳುವ ಅಗತ್ಯ ಮಿದುಳಿಗೆ ಇರುವುದಿಲ್ಲ, ಕಾಲಕ್ರಮದಲ್ಲಿ ಅದು ಬದಿಗೆ ಸರಿಯುತ್ತದೆ. ಇಷ್ಟನ್ನೇ ಹಿಡಿದು ಒಬ್ಬ ಮನುಷ್ಯನ ಕೈಗೆ ಹತ್ತು ಹದಿನೈದು ವರ್ಷ ಕೊಲೆಗಳನ್ನೇ ಕೊಟ್ಟರು. ‘ವೆರಾ ಕ್ರೂಜ್’, ‘ದ ಫಾರ್ ಕಂಟ್ರಿ’, ‘ಗನ್‌ಫೈಟ್ ಅಟ್ ದಿ ಓ.ಕೆ. ಕೊರಾಲ್’, ಯಾವುದನ್ನು ತೆರೆದರೂ ಅವರು ತಪ್ಪು ಪಕ್ಷದಲ್ಲೇ ನಿಂತಿರುತ್ತಾರೆ. ಇದನ್ನು ವೃತ್ತಿಜೀವನದ ಯಶಸ್ಸು ಎಂದು ಕೊಂಡಾಡುವ ಮುನ್ನ ಒಂದು ಕ್ಷಣ ನಿಲ್ಲಬೇಕು ಎಂಬುದು ನನ್ನ ಕೋರಿಕೆ.

ಹಳೇ ರೀಲು:

ನಿಮ್ಮ ಮಾತು ಸರಿ ಮೇಡಂ. ನಾನು ನಿಲ್ಲದೆ ಮುಂದೆ ಹೋದದ್ದು ತಪ್ಪು. ಆದರೆ ಅದೇ ಕಾಲದ ಒಂದು ಚಿತ್ರವನ್ನು ನಿಮ್ಮ ಮುಂದೆ ಇಡಬೇಕೆನಿಸುತ್ತದೆ, ಅದು ವೆಸ್ಟರ್ನ್ ಅಲ್ಲದಿದ್ದರೂ. 1952ರ ‘ಕಾನ್ಸಸ್ ಸಿಟಿ ಕಾನ್ಫಿಡೆನ್ಶಿಯಲ್’ನಲ್ಲಿ ನಿರ್ದೇಶಕ ಫಿಲ್ ಕಾರ್ಲ್‌ಸನ್ ಅವರು ಈಲಂ, ಲೀ ವ್ಯಾನ್ ಕ್ಲೀಫ್, ನೆವಿಲ್ ಬ್ರಾಂಡ್ ಈ ಮೂವರನ್ನು ಒಟ್ಟಿಗೆ ತಂದರು. ಕಥೆಯ ಪ್ರಕಾರ ದರೋಡೆ ಮುಗಿಯುವವರೆಗೆ ಮೂವರೂ ಮುಖವಾಡ ಹಾಕಿರಬೇಕು, ಒಬ್ಬರನ್ನೊಬ್ಬರು ಗುರುತಿಸಬಾರದು. ಹಾಲಿವುಡ್ಡಿನಲ್ಲಿ ಮರೆಯಲಾಗದ ಮೂರು ಮುಖಗಳನ್ನು ಹುಡುಕಿ ತಂದು ಬಟ್ಟೆಯಿಂದ ಮುಚ್ಚಿದ್ದಾರೆ! ಈಲಂ ಅಲ್ಲಿ ಪೀಟ್ ಹ್ಯಾರಿಸ್ ಎಂಬ ಜೂಜುಕೋರ, ಒಂದರ ಮೇಲೊಂದು ಸಿಗರೇಟು ಸುಡುತ್ತ ನಡುಗುವವನು. ಆತ ಯಾರನ್ನೂ ಹೆದರಿಸುವುದಿಲ್ಲ, ತಾನೇ ಹೆದರಿದ್ದಾನೆ. ಕೋಣೆಯೊಳಗೆ ಬಂದವನ ಹೆಗಲು ಕುಗ್ಗಿರುವ ರೀತಿಯಲ್ಲೇ ಅವನ ಸಾಲ ಎಷ್ಟಿರಬಹುದೆಂದು ತಿಳಿಯುತ್ತದೆ. ಪಾತ್ರ ಖಳನದೇ ಇರಬಹುದು, ಆದರೆ ಅದನ್ನು ಹೊತ್ತದ್ದು ಕಣ್ಣಲ್ಲ.

ಹಾಗೆಯೇ ‘ಹೈ ನೂನ್’. ಟೈಟಲ್ಲಿನಲ್ಲಿ ಅವರ ಹೆಸರೇ ಇಲ್ಲ. ಊರಿನ ಗಂಡಸರೆಲ್ಲ ಒಂದೊಂದು ನೆಪ ಹೇಳಿ ಊರಿನ ಮಾರ್ಷಲ್, ಅಂದರೆ ಕಾನೂನು ಅಧಿಕಾರಿಯಾದ ಗ್ಯಾರಿ ಕೂಪರ್ ಅವರ ಕೈ ಬಿಟ್ಟ ಮೇಲೆ, ಜೈಲಿನಲ್ಲಿ ಉಳಿದಿರುವ ಕುಡುಕನೊಬ್ಬನನ್ನು ಮಾರ್ಷಲ್ ಬಿಡುಗಡೆ ಮಾಡುತ್ತಾನೆ. ಆ ಕುಡುಕ ಈಲಂ. ನಾಲ್ಕು ಕೊಲೆಗಡುಕರು ಊರೊಳಗೆ ಬರುವ ಹೊತ್ತಿನಲ್ಲಿ ಒಬ್ಬ ಮನುಷ್ಯ ಹೆಂಡದಂಗಡಿಯ ಚಿಂತೆಯಲ್ಲಿ ಹೊರಗೆ ಹೋಗುತ್ತಾನೆ. ಕೆಲವೇ ಕ್ಷಣಗಳ ಆ ಪಾತ್ರವನ್ನು ತೆಗೆದರೆ ಆ ಊರಿನ ಚಿತ್ರಣದಿಂದ ಏನೋ ಒಂದು ಕಳಚಿದಂತಾಗುತ್ತದೆ.

ಮಧ್ಯರಾತ್ರಿ ಪ್ರೇಕ್ಷಕ:

ಟಿವಿಯ ಮಾತೇ ಬಂದಿಲ್ಲವಲ್ಲ! ನನ್ನ ಪ್ರಕಾರ ಈಲಂ ಅವರಂಥವರನ್ನು ಸಾಕಿದ್ದು ಸಿನಿಮಾ ಅಲ್ಲ, ಟಿವಿ. 1950ರ ದಶಕದ ಕೊನೆಯಲ್ಲಿ ಅಮೆರಿಕದ ಮೂರು ಜಾಲಗಳಲ್ಲಿ ಸಂಜೆಯ ಹೊತ್ತು ಬರುತ್ತಿದ್ದ ವೆಸ್ಟರ್ನ್ ಧಾರಾವಾಹಿಗಳು ಇಪ್ಪತ್ತೈದಕ್ಕೂ ಹೆಚ್ಚು. ಪ್ರತಿ ಧಾರಾವಾಹಿಯಲ್ಲಿ ನಾಯಕ ಸ್ಥಿರ, ಕೆಟ್ಟವನು ವಾರಕ್ಕೊಬ್ಬ. ಕಂತು ಮುಗಿಯುವುದರೊಳಗೆ ಅವನು ಸಾಯಬೇಕು ಅಥವಾ ಜೈಲು ಸೇರಬೇಕು, ಮುಂದಿನ ವಾರಕ್ಕೆ ಇನ್ನೊಬ್ಬ ಬೇಕು. ಆರು ದಿನಗಳ ಆಸುಪಾಸಿನಲ್ಲಿ ಒಂದು ಕಂತು ಮುಗಿಸುವ ಅವಸರದಲ್ಲಿ ನಿರ್ದೇಶಕನಿಗೆ ಪಾತ್ರವನ್ನು ವಿವರಿಸುತ್ತ ಕೂರುವ ಪುರುಸೊತ್ತಿರಲಿಲ್ಲ. ಬಾಗಿಲು ತೆರೆದು ಒಳಗೆ ಕಾಲಿಟ್ಟ ಕೂಡಲೇ ಅರ್ಧ ಕಥೆ ಹೇಳಿ ಮುಗಿಸುವ ನಟ ಬೇಕಿತ್ತು. ಈಲಂ, ರಾಯಲ್ ಡಾನೊ, ಡೆನ್ವರ್ ಪೈಲ್, ಸ್ಟ್ರೋದರ್ ಮಾರ್ಟಿನ್, ಆರ್. ಜಿ. ಆರ್ಮ್‌ಸ್ಟ್ರಾಂಗ್ ಇವರೆಲ್ಲ ಒಂದು ಧಾರಾವಾಹಿಯ ಸೆಟ್ಟಿನಿಂದ ಇನ್ನೊಂದಕ್ಕೆ ಸಂತೆಯಿಂದ ಸಂತೆಗೆ ಹೋಗುವ ವ್ಯಾಪಾರಿಗಳಂತೆ ತಿರುಗಿದರು. 1955ರಿಂದ 1975ರವರೆಗೆ ಇಪ್ಪತ್ತು ಸೀಸನ್ ನಡೆದ ‘ಗನ್‌ಸ್ಮೋಕ್’ ಒಂದರಲ್ಲೇ ಈಲಂ ಹತ್ತಕ್ಕೂ ಹೆಚ್ಚು ಬಾರಿ ಬೇರೆ ಬೇರೆ ಮನುಷ್ಯರಾಗಿ ಬಂದಿದ್ದಾರೆ. ಕಥೆ ನಡೆಯುವ ಡಾಜ್ ಸಿಟಿಯ ಜನ ಇವನನ್ನು ಹಿಂದೆ ನೋಡಿದ್ದೇವಲ್ಲ ಎಂದು ಒಮ್ಮೆಯೂ ಕೇಳದಿರುವುದು ನನಗೆ ಈಗಲೂ ನಗು ತರಿಸುತ್ತದೆ.

ಶಿವಮೊಗ್ಗದವರ ಪ್ರಶ್ನೆಗೂ ಟಿವಿಯಲ್ಲೇ ಒಂದು ಉತ್ತರವಿದೆ. 1963ರ ಆರಂಭದಲ್ಲಿ ವಾರ್ನರ್ ಸಂಸ್ಥೆ ‘ದ ಡಕೋಟಾಸ್’ ಎಂಬ ಧಾರಾವಾಹಿಯನ್ನು ಎಬಿಸಿ ಜಾಲಕ್ಕೆ ಮಾಡಿದಾಗ ಈಲಂ ಅವರಿಗೆ ಕೊಟ್ಟದ್ದು ಡೆಪ್ಯುಟಿ, ಅಂದರೆ ಮಾರ್ಷಲ್‌ನ ಸಹಾಯಕನ ಪಾತ್ರ: ಹಿಂದೆ ಬಂದೂಕುಗಾರನಾಗಿದ್ದು ಈಗ ಕಾನೂನಿನ ಪಕ್ಷಕ್ಕೆ ಬಂದ ಜೆ. ಡಿ. ಸ್ಮಿತ್. ಅದೇ ಮುಖ, ಎದೆಯ ಮೇಲೆ ಬ್ಯಾಡ್ಜು. ಚರ್ಚಿನೊಳಗೆ ಗುಂಡು ಹಾರುವ ಒಂದು ಕಂತು ಪ್ರೇಕ್ಷಕರನ್ನು ಕೆರಳಿಸಿ, ಧಾರಾವಾಹಿ ಕೆಲವೇ ತಿಂಗಳಲ್ಲಿ ನಿಂತುಹೋಯಿತು. ಆದರೆ ಅದೇ ವರ್ಷ ಎನ್‌ಬಿಸಿಯ ‘ಟೆಂಪಲ್ ಹ್ಯೂಸ್ಟನ್’ನಲ್ಲಿ ಜೆಫ್ರಿ ಹಂಟರ್ ಜೊತೆ ಅವರು ಮಾರ್ಷಲ್ ಆದರು. ಅದೂ ಒಂದೇ ಸೀಸನ್. ಎರಡೂ ಗೆದ್ದಿದ್ದರೆ ಈಲಂ ಅವರನ್ನು ನಾವು ಇಂದು ಬೇರೆಯಾಗಿಯೇ ನೆನೆಯುತ್ತಿದ್ದೆವೋ ಏನೋ.

ಲೆಕ್ಕದ ಪುಸ್ತಕ:

ಟಿವಿ ಸಾಕಿತು ಎಂದಿರಲ್ಲ, ಅದರ ಲೆಕ್ಕವನ್ನೂ ನೋಡಿಬಿಡೋಣ. 1950ರ ದಶಕದಲ್ಲಿ ಈ ನಟರು ದುಡಿದ ಚಲನಚಿತ್ರಗಳನ್ನು ಸ್ಟುಡಿಯೊಗಳು ಟಿವಿಗೆ ಮಾರಿಕೊಂಡಾಗ ನಟರಿಗೆ ಏನು ಸಿಗಬೇಕು ಎಂಬುದೇ ದೊಡ್ಡ ಜಗಳವಾಯಿತು. 1960ರ ಮಾರ್ಚ್‌ನಲ್ಲಿ ನಟರ ಸಂಘ ರೊನಾಲ್ಡ್ ರೇಗನ್ ಅವರ ಅಧ್ಯಕ್ಷತೆಯಲ್ಲಿ ಮುಷ್ಕರ ಹೂಡಿ ಏಪ್ರಿಲ್‌ವರೆಗೂ ಕೆಲಸ ನಿಲ್ಲಿಸಿತು. ಕೊನೆಗೆ ಆದ ಒಪ್ಪಂದದ ಪ್ರಕಾರ 1960ರಿಂದ ಈಚೆಗೆ ತಯಾರಾದ ಚಿತ್ರಗಳಿಗೆ ಟಿವಿ ಪ್ರಸಾರದ ಪಾಲು ಸಿಕ್ಕಿತು. ಅದಕ್ಕೂ ಹಿಂದಿನ ಚಿತ್ರಗಳ ಪಾಲನ್ನು ನಟರು ಬಿಟ್ಟುಕೊಡಬೇಕಾಯಿತು. ಬದಲಿಗೆ ನಿರ್ಮಾಪಕರು 22.5 ಲಕ್ಷ ಡಾಲರುಗಳನ್ನು ಪಿಂಚಣಿ ಮತ್ತು ಆರೋಗ್ಯದ ನಿಧಿಗೆ ಹಾಕಿದರು. ಅಂದರೆ ‘ರಾಹೈಡ್’ ಮತ್ತು ‘ಹೈ ನೂನ್’ ಟಿವಿಯಲ್ಲಿ ಸಾವಿರ ಸಲ ಬಂದರೂ ಆ ಪಾತ್ರಗಳಿಗೆ ಪ್ರಸಾರದ ಪಾಲೆಂದು ಒಂದು ಕಾಸೂ ಇಲ್ಲ. ತಾರೆಗಳಿಗೆ ಇದರಿಂದ ಅಂಥ ಪೆಟ್ಟೇನೂ ಇರಲಿಲ್ಲ, ಅವರಿಗೆ ಮುಂದಿನ ಚಿತ್ರದ ಸಂಭಾವನೆ ಇತ್ತು. ವಾರದ ಲೆಕ್ಕದಲ್ಲಿ ದುಡಿಯುವ ಈಲಂ ಅವರಂಥವರಿಗೆ ಅದು ದೊಡ್ಡ ಮಾತು. ಬಂದ ಪಾತ್ರವನ್ನೆಲ್ಲ ಒಪ್ಪಿಕೊಂಡರು ಎಂದು ಇವರನ್ನು ಕೆಲವರು ಹಗುರವಾಗಿ ಆಡುತ್ತಾರೆ. ಕೆಲಸ ನಿಂತರೆ ಆದಾಯ ನಿಲ್ಲುವ ಕಸುಬಿನಲ್ಲಿ ಬೇರೇನು ಮಾಡಬೇಕಿತ್ತು?

ಫೀನಿಕ್ಸ್ ಕನ್ನಡಿಗ:

ತಡವಾಗಿ ಬಂದು ಸೇರಿಕೊಳ್ಳುತ್ತಿದ್ದೇನೆ. ಈಲಂ ಹುಟ್ಟಿದ ಮಯಾಮಿ ಎಂದರೆ ಫ್ಲಾರಿಡಾದ ಕಡಲತೀರ ಎಂದು ಯಾರೂ ತಪ್ಪು ತಿಳಿಯಬಾರದು. ಇದು ಅರಿಜೋನಾದ ಮಯಾಮಿ, ಫೀನಿಕ್ಸಿನಿಂದ ಪೂರ್ವಕ್ಕೆ ಬೆಟ್ಟಗಳ ನಡುವಿನ ತಾಮ್ರದ ಗಣಿಯ ಪುಟ್ಟ ಊರು. ಗ್ಲೋಬ್ ಕಡೆಗೆ ಹೋಗುವಾಗ ನಾನು ಒಂದೆರಡು ಬಾರಿ ಅಲ್ಲಿ ನಿಂತಿದ್ದೇನೆ. ರಸ್ತೆಯ ಪಕ್ಕಕ್ಕೇ ಗಣಿಯ ತ್ಯಾಜ್ಯದ ಮಣ್ಣು ಮೆಟ್ಟಿಲುಮೆಟ್ಟಿಲಾಗಿ ಬೆಟ್ಟದಂತೆ ನಿಂತಿರುತ್ತದೆ. ತಾಯಿಯನ್ನು ಚಿಕ್ಕಂದಿನಲ್ಲೇ ಕಳೆದುಕೊಂಡು ಹೊಲಗಳಲ್ಲಿ ಹತ್ತಿ ಬಿಡಿಸಿ ಬೆಳೆದ ಹುಡುಗ ಅವರು. ಸ್ಟುಡಿಯೊದಲ್ಲಿ ಕಟ್ಟಿದ ಧೂಳಿನ ಬೀದಿಗಳಲ್ಲಿ ಅವರು ನಡೆಯುವುದು ನೋಡಿದಾಗ, ಇವರಿಗೆ ಧೂಳಿನ ನಟನೆ ಬೇಕಿಲ್ಲ ಎನ್ನಿಸುತ್ತದೆ. ಹೋವರ್ಡ್ ಹಾಕ್ಸ್ ಅವರ ಕೊನೆಯ ಚಿತ್ರ ‘ರಿಯೊ ಲೋಬೊ’ದ ಚಿತ್ರೀಕರಣಕ್ಕೆ ಈಲಂ ಮರಳಿ ಇದೇ ರಾಜ್ಯಕ್ಕೆ, ಟೂಸಾನ್ ಬಳಿಯ ಹಳೆಯ ಸ್ಟುಡಿಯೊ ಊರಿಗೆ ಬಂದಿದ್ದರು. ಬಂದೂಕು ಹಿಡಿದು ರೇಗುವ ಮುದುಕನಾಗಿ ಜಾನ್ ವೇಯ್ನ್ ಅವರಿಂದಲೂ ಅಲ್ಲಲ್ಲಿ ದೃಶ್ಯವನ್ನು ಕಸಿದುಕೊಂಡಿದ್ದಾರೆ.

ಮಧ್ಯರಾತ್ರಿ ಪ್ರೇಕ್ಷಕ:

ಇನ್ನು ನೊಣದ ಮಾತು ಬರಲೇಬೇಕು. 1968ರ ‘ಒನ್ಸ್ ಅಪಾನ್ ಎ ಟೈಮ್ ಇನ್ ದ ವೆಸ್ಟ್’. ಸ್ಪೇನಿನ ಗುವಾಡಿಕ್ಸ್ ಸಮೀಪದ ಬಯಲಿನಲ್ಲಿ ನಿಲ್ಲಿಸಿದ ರೈಲು ನಿಲ್ದಾಣ, ಮೂವರು ಬಂದೂಕುಗಾರರು, ಹತ್ತು ನಿಮಿಷಕ್ಕೂ ಮೀರಿ ಮಾತೇ ಇಲ್ಲವೆನ್ನಬಹುದಾದ ಕಾಯುವಿಕೆ. ಎನ್ನಿಯೊ ಮೊರಿಕೋನೆ ಅವರಂಥ ಸಂಗೀತಗಾರ ಜೊತೆಗಿದ್ದೂ ನಿರ್ದೇಶಕ ಸೆರ್ಜಿಯೊ ಲಿಯೋನೆ ಅಲ್ಲಿ ಸಂಗೀತ ಬಳಸಲಿಲ್ಲ. ಗಾಳಿಯಂತ್ರದ ಕಿರುಗುಟ್ಟುವಿಕೆ, ವುಡಿ ಸ್ಟ್ರೋಡ್ ಅವರ ಟೊಪ್ಪಿಗೆಯ ಮೇಲೆ ತೊಟ್ಟಿಕ್ಕುವ ನೀರು, ಆಲ್ ಮುಲಕ್ ಬೆರಳ ನೆಟಿಗೆ ಮುರಿಯುವ ಸದ್ದು. ತಂತಿ ಯಂತ್ರ ಕಟಕಟ ಎನ್ನುತ್ತಿದ್ದರೆ ಈಲಂ ಅದರ ತಂತಿಯನ್ನೇ ಕಿತ್ತು ಸುಮ್ಮನಾಗಿಸುತ್ತಾರೆ. ಆಮೇಲೆ ನೊಣ ಬಂದು ಕೂರುತ್ತದೆ. ಗಡ್ಡಕ್ಕೆ ಜಾಮ್ ಹಚ್ಚಿ ಅದನ್ನು ಕರೆಸಿದ್ದರಂತೆ. ಕೈಯಿಂದ ಓಡಿಸುವುದಕ್ಕೂ ಸೋಮಾರಿತನಪಟ್ಟು ಅವರು ತುಟಿಯನ್ನು ಸೊಟ್ಟ ಮಾಡಿ ಊದುತ್ತಾರೆ, ಕೆನ್ನೆ ಕುಣಿಸುತ್ತಾರೆ, ಕೊನೆಗೆ ಪಿಸ್ತೂಲಿನ ನಳಿಗೆಯೊಳಗೆ ಅದನ್ನು ಸೆರೆಹಿಡಿದು ಕಿವಿಗೊಟ್ಟು ಗುಂಯ್‌ಗುಡುವುದನ್ನು ಆಲಿಸುತ್ತಾರೆ. ಆ ಕ್ಷಣದಲ್ಲಿ ಅವರ ಮುಖದಲ್ಲಿ ಮೂಡುವ ಸಣ್ಣ ನಗು ಹಬ್ಬದಲ್ಲಿ ಪೀಪಿ ಸಿಕ್ಕ ಹುಡುಗನದು. ರೈಲು ಬಂದ ಮೇಲೆ ಮೂವರೂ ಸಾಯುತ್ತಾರೆ, ಚಿತ್ರ ಇನ್ನೂ ಎರಡೂವರೆ ಗಂಟೆ ನಡೆಯುತ್ತದೆ.

ಶಿವಮೊಗ್ಗದವಳು:

ಆ ನಗುವಿನ ಬಗ್ಗೆ ನೀವು ಹೇಳಿದ್ದು ನನಗೆ ಹೊಸ ದಾರಿ ತೋರಿಸಿತು. ನಿನ್ನೆ ಮತ್ತೆ ಆ ದೃಶ್ಯ ನೋಡಿದೆ. ಕ್ಯಾಮೆರಾ ಆ ಮುಖದ ಮೇಲೆ ಅಷ್ಟು ಹೊತ್ತು ನಿಂತಿರುವುದರಿಂದ ಕಣ್ಣು ವಿಚಿತ್ರವಾಗಿ ಕಾಣುವುದು ಮೊದಲ ಅರ್ಧ ನಿಮಿಷ ಮಾತ್ರ. ಆಮೇಲೆ ನಮ್ಮ ಗಮನವೆಲ್ಲ ನೊಣದ ಮೇಲೆ. ಹಿಂದಿನ ಚಿತ್ರಗಳು ಮುಖವನ್ನು ತೋರಿಸಿ ತಕ್ಷಣ ಕತ್ತರಿಸಿ ನಮ್ಮನ್ನು ಬೆಚ್ಚಿಬೀಳಿಸುತ್ತಿದ್ದವು. ಇಲ್ಲಿ ಬೆಚ್ಚುವುದು ಮುಗಿಯುವವರೆಗೆ ಕಾದಿದ್ದಾರೆ. ಮರುವರ್ಷವೇ ಬರ್ಟ್ ಕೆನಡಿ ಅವರ ‘ಸಪೋರ್ಟ್ ಯುವರ್ ಲೋಕಲ್ ಶೆರಿಫ್’ನಲ್ಲಿ ಈಲಂ ಹಾಸ್ಯಪಾತ್ರಕ್ಕೆ ಹೊರಳಿದ್ದು ಹಾಗಾದರೆ ಆಕಸ್ಮಿಕವಲ್ಲ. ಲಾಯದಲ್ಲಿ ಸಗಣಿ ಎತ್ತುವ ಜೇಕ್‌ನನ್ನು ಜೇಮ್ಸ್ ಗಾರ್ನರ್ ಹಿಡಿದು ಡೆಪ್ಯುಟಿ ಮಾಡುತ್ತಾರೆ. ಜೇಕ್‌ಗೆ ಧೈರ್ಯವೂ ಇಲ್ಲ, ಗುರಿಯೂ ಇಲ್ಲ, ಆದರೆ ಬಿಟ್ಟು ಓಡುವುದಕ್ಕೂ ಮನಸ್ಸಿಲ್ಲ. ಕೊನೆಯಲ್ಲಿ ಅವನೇ ನೇರವಾಗಿ ಪ್ರೇಕ್ಷಕರ ಕಡೆ ತಿರುಗಿ ಮುಂದೆ ಯಾರ್‍ಯಾರು ಏನೇನಾದರು ಎಂದು ಹೇಳುತ್ತಾನೆ. ಇಷ್ಟು ವರ್ಷ ನಮ್ಮನ್ನು ಹೆದರಿಸಲು ಬಳಸಿದ ಆ ನೋಟ ಅಲ್ಲಿ ಗುಟ್ಟು ಹೇಳುವ ನೆಂಟನ ನೋಟವಾಗಿಬಿಡುತ್ತದೆ. ನನ್ನ ಮೊದಲ ಆಕ್ಷೇಪಣೆಯನ್ನು ಹಿಂತೆಗೆದುಕೊಳ್ಳುತ್ತಿಲ್ಲ. ಆ ಪದ್ಧತಿ ಕೆಟ್ಟದ್ದೇ. ಆದರೆ ಅದರೊಳಗಿದ್ದ ಮನುಷ್ಯ ಅದನ್ನು ತಿರುಗಿಸಿ ಹಾಕಿದ ಎಂಬುದನ್ನು ಒಪ್ಪುತ್ತೇನೆ.

ಹಳೇ ರೀಲು:

ನಾನು ಇಷ್ಟುದ್ದ ಬರೆದೂ ಹೇಳಲಾಗದ್ದನ್ನು ನೀವು ಹೇಳಿದಿರಿ. ಜೇಕ್‌ಗೆ ಒಂದು ತಮಾಷೆಯ ಬಾಲವೂ ಇದೆ. 1971ರ ‘ಸಪೋರ್ಟ್ ಯುವರ್ ಲೋಕಲ್ ಗನ್‌ಫೈಟರ್’ ಹಿಂದಿನದರ ಮುಂದುವರಿಕೆಯಲ್ಲ, ಅದೇ ತಂಡದ ಬೇರೆ ಕಥೆ. ಅದರ ಕೊನೆಯಲ್ಲೂ ಈಲಂ ಕ್ಯಾಮೆರಾಕ್ಕೆ ಮುಖಮಾಡಿ ಎಲ್ಲರ ಭವಿಷ್ಯ ಹೇಳಿ, ತಾನು ಇಟಲಿಯ ವೆಸ್ಟರ್ನ್ ಚಿತ್ರಗಳಲ್ಲಿ ದೊಡ್ಡ ತಾರೆಯಾಗುವುದಾಗಿ ಸಾರುತ್ತಾರೆ. ಲಿಯೋನೆ ಅವರ ಚಿತ್ರದಲ್ಲಿ ರೈಲು ಬಂದ ಕೂಡಲೇ ಸತ್ತವರು ಇವರೇ ಎಂದು ತಿಳಿದವರಿಗೆ ಆ ಮಾತಿನ ರುಚಿ ಇಮ್ಮಡಿ.

ಇನ್ನೊಂದು ಸಣ್ಣ ವಿಷಯ. ನಾವು ಕನ್ನಡದಲ್ಲಿ ಇಂಥವರನ್ನು ಪೋಷಕ ನಟರು ಎನ್ನುತ್ತೇವೆ. ಪೋಷಿಸುವವನು, ಸಾಕುವವನು. ಮೇಲೆ ಟಿವಿ ಇವರನ್ನು ಸಾಕಿತು ಎಂಬ ಮಾತು ಬಂತು. ಪದದ ಅರ್ಥ ಹಿಡಿದು ಹೊರಟರೆ ಸಾಕಿದ್ದು ಇವರು, ಸಾಕಿಸಿಕೊಂಡದ್ದು ಟಿವಿ.

ಲೆಕ್ಕದ ಪುಸ್ತಕ:

ಆ ಸಾಕಾಣಿಕೆಗೆ ಮನ್ನಣೆಯೂ ತಡವಾಗಿಯಾದರೂ ಬಂತು ಎಂಬುದನ್ನು ದಾಖಲಿಸಿಬಿಡುತ್ತೇನೆ. 1983ರಲ್ಲಿ ಗೋಲ್ಡನ್ ಬೂಟ್ ಪ್ರಶಸ್ತಿ, 1994ರಲ್ಲಿ ಓಕ್ಲಹೋಮ ಸಿಟಿಯ ಕೌಬಾಯ್ ಸಂಗ್ರಹಾಲಯದ ಶ್ರೇಷ್ಠ ವೆಸ್ಟರ್ನ್ ಕಲಾವಿದರ ಪಟ್ಟಿಯಲ್ಲಿ ಸ್ಥಾನ. 2003ರ ಅಕ್ಟೋಬರ್‌ನಲ್ಲಿ ಆರೆಗಾನ್ ರಾಜ್ಯದ ಆಶ್‌ಲೆಂಡ್‌ನಲ್ಲಿ ತೀರಿಕೊಂಡರು. ಇಸ್ಪೀಟಿನಲ್ಲಿ ಪಣ ಕಟ್ಟುವುದೆಂದರೆ ಅವರಿಗೆ ಕೊನೆಯವರೆಗೂ ಪ್ರಾಣವಂತೆ. ಲೆಕ್ಕಿಗನಿಗೆ ಅದೊಂದು ದೌರ್ಬಲ್ಯ ಎನ್ನುವವರಿದ್ದಾರೆ, ನಾನು ಎನ್ನುವುದಿಲ್ಲ.

ನನ್ನ ಮೆಚ್ಚಿನ ಈಲಂ ದೃಶ್ಯ ಯಾರೂ ಹೇಳಲಿಲ್ಲ. 1973ರ ‘ಪ್ಯಾಟ್ ಗ್ಯಾರೆಟ್ ಅಂಡ್ ಬಿಲ್ಲಿ ದ ಕಿಡ್’, ಸ್ಯಾಮ್ ಪೆಕಿನ್‌ಪಾ ನಿರ್ದೇಶನ. ಅಲಮೋಸಾ ಬಿಲ್ ಎಂಬ ಡೆಪ್ಯುಟಿಯಾಗಿ ಈಲಂ ಒಂದು ಮನೆಗೆ ಊಟಕ್ಕೆ ಹೋಗುತ್ತಾರೆ, ಅಲ್ಲಿ ಕಾನೂನಿನವರು ಹುಡುಕುತ್ತಿರುವ ಬಿಲ್ಲಿಯೂ ಇದ್ದಾನೆ. ಇಬ್ಬರಿಗೂ ದ್ವೇಷವಿಲ್ಲ, ಆದರೆ ಇಬ್ಬರೂ ತಪ್ಪಿಸಿಕೊಳ್ಳುವಂತಿಲ್ಲ. ಊಟ ಮಾಡಿ ಅಂಗಳಕ್ಕಿಳಿದು ಬೆನ್ನಿಗೆ ಬೆನ್ನು ಕೊಟ್ಟು ನಿಲ್ಲುತ್ತಾರೆ. ಹತ್ತು ಎಣಿಸಿದ ಮೇಲೆ ತಿರುಗಿ ಗುಂಡು ಹಾರಿಸಬೇಕೆಂಬುದು ಕರಾರು. ಈಲಂ ಹತ್ತು ಮುಗಿಯುವ ಮುನ್ನವೇ ತಿರುಗುತ್ತಾರೆ. ಬಿಲ್ಲಿ ಅವರಿಗಿಂತಲೂ ಎಷ್ಟೋ ಮೊದಲೇ ತಿರುಗಿ ನಿಂತಿರುತ್ತಾನೆ.

ಶಿವಮೊಗ್ಗದವಳು:

ಅಷ್ಟು ವರ್ಷ ಲೆಕ್ಕ ಬರೆದವರು ಹತ್ತು ಎಣಿಸುವುದರಲ್ಲಿ ಕಳ್ಳಲೆಕ್ಕ ಮಾಡಿ ಸಿಕ್ಕಿಬಿದ್ದರು ಎನ್ನಿ.

ಲೆಕ್ಕದ ಪುಸ್ತಕ:

ಸಿಕ್ಕಿಬೀಳಲಿಲ್ಲ ಮೇಡಂ, ಎದುರಿನವನ ಲೆಕ್ಕ ಇನ್ನೂ ಕಳ್ಳಲೆಕ್ಕವಾಗಿತ್ತು, ಅಷ್ಟೇ.